ಒಂದೂ ಬಾಲ್ ಎದುರಿಸದೆ ನಾಟೌಟ್ ಉಳಿದ ಪಾದ್ರಿ

ಪಾದ್ರಿ ಅಂದ ಕೂಡಲೇ ಕನ್ನಡದವರಿಗೆ ನೆನಪಾಗೋದು ಕಿಟ್ಟೆಲ್. ಉದ್ದ ಗಡ್ಡ, ಮುಂದೆ ದಪ್ಪ ನಿಘಂಟು, ಹಿಂದೆ ಧಾರವಾಡವೋ ಮಂಗಳೂರೋ. ಆ ಚಿತ್ರದ ಪಾದ್ರಿಗೆ ಪ್ಯಾಡ್ ಕಟ್ಟಿಸಿ ಕೈಗೆ ಬ್ಯಾಟ್ ಕೊಟ್ಟು ನೋಡಿ, ನಗು ಬರುತ್ತೆ. ಆದರೆ ವಿಕ್ಟೋರಿಯಾ ರಾಣಿಯ ಕಾಲದ ಇಂಗ್ಲೆಂಡಿನಲ್ಲಿ ಯಾರೂ ನಗುತ್ತಿರಲಿಲ್ಲ. ಕ್ರಿಕೆಟ್ ಆಡುವ ಪಾದ್ರಿ ಅಲ್ಲಿ, ನಮ್ಮೂರಲ್ಲಿ ತಾಳಮದ್ದಲೆಗೆ ಕೂರೋ ಮೇಷ್ಟರಿದ್ದ ಹಾಗೆ, ಊರಿಗೊಬ್ಬ ಸಿಗುತ್ತಿದ್ದ.

ಕಾರಣ ಸರಳ. ಸ್ಥಿತಿವಂತರ ಮನೆಯ ಹುಡುಗರು ಈಟನ್, ಹ್ಯಾರೋ ಥರದ ಶಾಲೆಗಳಿಗೆ ಹೋಗುತ್ತಿದ್ದರು, ಅಲ್ಲಿಂದ ಆಕ್ಸ್‌ಫರ್ಡ್ ಅಥವಾ ಕೇಂಬ್ರಿಜ್. ಅಲ್ಲೆಲ್ಲ ಪಾಠಕ್ಕಿಂತ ಆಟಕ್ಕೇ ಮರ್ಯಾದೆ ಜಾಸ್ತಿ. ಓದು ಮುಗಿಸಿದವರಲ್ಲಿ ಒಂದಷ್ಟು ಜನ ಸೈನ್ಯಕ್ಕೆ, ಒಂದಷ್ಟು ಜನ ವಕೀಲಿಗೆ, ಒಂದಷ್ಟು ಜನ ಚರ್ಚಿಗೆ. ಹಾಗೆ ಚರ್ಚಿಗೆ ಹೋದವರು ಹಳ್ಳಿ ಸೇರಿದರೆ ಅಲ್ಲಿನ ಟೀಮಿಗೆ ಒಬ್ಬ ಒಳ್ಳೆ ಬ್ಯಾಟ್ಸ್‌ಮನ್ ಪುಕ್ಕಟೆ ಸಿಕ್ಕಿದ ಹಾಗೆ. ಗಟ್ಟಿ ದೇಹ, ಗಟ್ಟಿ ನಡತೆ, ಗಟ್ಟಿ ನಂಬಿಕೆ ಮೂರೂ ಒಟ್ಟಿಗೇ ಬರಬೇಕು ಅನ್ನೋದು ಆ ಕಾಲದ ಒಂದು ದೊಡ್ಡ ಹುಚ್ಚು. ಕ್ರಿಕೆಟ್ ಬಗ್ಗೆ ಆಗ ಹೆಸರು ಮಾಡಿದ ಒಂದು ಪುಸ್ತಕ ‘ದಿ ಕ್ರಿಕೆಟ್ ಫೀಲ್ಡ್’, 1851ರದ್ದು. ಬರೆದವನು ಜೇಮ್ಸ್ ಪೈಕ್ರಾಫ್ಟ್ ಅನ್ನುವ ಪಾದ್ರಿ. 1879ರ ಜನವರಿಯಲ್ಲಿ ಮೆಲ್ಬೋರ್ನಿನಲ್ಲಿ ಒಂದೇ ಒಂದು ಟೆಸ್ಟ್ ಆಡಿದ ವರ್ನನ್ ರಾಯ್ಲ್ ಆಮೇಲೆ ಪಾದ್ರಿಯಾದ.

ಆದರೆ ನನ್ನ ತಲೆಯಲ್ಲಿ ಬಹಳ ದಿನದಿಂದ ಕೂತಿರೋನು ಇವರ್ಯಾರೂ ಅಲ್ಲ. ಅವನ ಹೆಸರು ಚಾರ್ಲ್ಸ್ ಥಾಮಸ್ ಸ್ಟಡ್. ಸಿ. ಟಿ. ಸ್ಟಡ್ ಅಂತಲೇ ಎಲ್ಲರೂ ಕರೆಯೋದು. ಬಿಷಪ್ಪರ ಕೈಯಿಂದ ದೀಕ್ಷೆ ಪಡೆದು ನಿಲುವಂಗಿ ತೊಟ್ಟ ಪಾದ್ರಿ ಅವನಲ್ಲ, ಮಿಷನರಿ. ಆದರೆ ನಮ್ಮ ಗುಂಡ್ಲುಪೇಟೆ ದಾಟಿ ಘಾಟಿ ಹತ್ತಿದರೆ ಸಿಗುವ ಊಟಿಯಲ್ಲಿ ಆರು ವರ್ಷ ಒಂದು ಚರ್ಚಿನ ಪಾಸ್ಟರ್ ಆಗಿದ್ದ. ಅದಕ್ಕೂ ಮೊದಲು ಚೀನಾ, ಅದರ ನಂತರ ಕಾಂಗೋ. ಎಲ್ಲಕ್ಕಿಂತ ಮೊದಲು, ಇಂಗ್ಲೆಂಡಿನ ಅತ್ಯುತ್ತಮ ಆಲ್‌ರೌಂಡರುಗಳಲ್ಲಿ ಒಬ್ಬ. ಮಿಷನರಿ ಪುಸ್ತಕಗಳಲ್ಲಿ ಅವನು ಮಹಾತ್ಯಾಗಿ. ಕ್ರಿಕೆಟ್ ಪುಸ್ತಕಗಳಲ್ಲಿ ಒಂದು ಅಡಿಟಿಪ್ಪಣಿ. ಎರಡನ್ನೂ ಜೊತೆಗಿಟ್ಟು ಓದಿದರೆ ಮಾತ್ರ ಮನುಷ್ಯ ಕಾಣಿಸ್ತಾನೆ ಅನ್ನೋದು ನನ್ನ ಅನಿಸಿಕೆ.

*

ಹುಟ್ಟಿದ್ದು 1860ರ ಡಿಸೆಂಬರ್ 2ರಂದು, ಇಂಗ್ಲೆಂಡಿನ ಸ್ಪ್ರಾಟನ್ ಎಂಬಲ್ಲಿ. ಅಪ್ಪ ಎಡ್ವರ್ಡ್ ಸ್ಟಡ್. ದುಡ್ಡು ಮಾಡಿದ್ದೆಲ್ಲಿ ಗೊತ್ತಾ? ನಮ್ಮ ಬಿಹಾರದ ತಿರ್ಹುತ್‌ನಲ್ಲಿ. ನೀಲಿ ಬೆಳೆಸಿ, ಬಣ್ಣ ತೆಗೆಸಿ, ಮಾರಿ ದೊಡ್ಡ ಗಂಟು ಕಟ್ಟಿಕೊಂಡು ಊರಿಗೆ ವಾಪಸ್ ಹೋದ. ಟೆಡ್‌ವರ್ತ್ ಅನ್ನೋ ಅರಮನೆಯಂಥ ಬಂಗಲೆ, ಕುದುರೆ ಲಾಯ, ಬೇಟೆನಾಯಿಗಳು, ಮಕ್ಕಳಿಗೆ ಆಡೋಕೆ ಸ್ವಂತ ಕ್ರಿಕೆಟ್ ಮೈದಾನ. 1866ರ ಗ್ರ್ಯಾಂಡ್ ನ್ಯಾಷನಲ್ ರೇಸ್ ಗೆದ್ದ ಸಾಲಮ್ಯಾಂಡರ್ ಅನ್ನುವ ಕುದುರೆ ಅವನದ್ದೇ. ಈ ನೀಲಿ ದುಡ್ಡಿನ ವಿಷಯ ನೆನಪಿಟ್ಟುಕೊಳ್ಳಿ, ಮತ್ತೆ ಬರುತ್ತೆ.

1875ರಲ್ಲಿ ಅಮೆರಿಕದ ಪ್ರಸಿದ್ಧ ಧರ್ಮಬೋಧಕ ಮೂಡಿ ಲಂಡನ್ನಿಗೆ ಬಂದಿದ್ದ. ಎಡ್ವರ್ಡ್ ಸ್ಟಡ್ ಗೆಳೆಯನ ಒತ್ತಾಯಕ್ಕೆ ಭಾಷಣಕ್ಕೆ ಹೋಗಿ ಪೂರ್ತಿ ಬದಲಾಗಿಬಿಟ್ಟ. ರೇಸ್ ಕುದುರೆಗಳನ್ನೆಲ್ಲ ಬಿಟ್ಟ, ಬಂಗಲೆಯಲ್ಲೇ ಪ್ರಾರ್ಥನಾ ಸಭೆ ಶುರುಮಾಡಿದ. ಎರಡು ವರ್ಷದಲ್ಲಿ ತೀರಿಕೊಂಡ.

ಹುಡುಗರು ಮಾತ್ರ ಕ್ರಿಕೆಟ್ಟಿನಲ್ಲಿ ಮುಳುಗಿದ್ದರು. ಕೈನಾಸ್ಟನ್, ಜಾರ್ಜ್, ಚಾರ್ಲ್ಸ್. 1877ರಲ್ಲಿ ಮೂವರೂ ಒಟ್ಟಿಗೇ ಈಟನ್ ತಂಡದಲ್ಲಿದ್ದರು. ಆಮೇಲೆ ಕೇಂಬ್ರಿಜ್ ತಂಡಕ್ಕೆ 1882ರಲ್ಲಿ ಜಾರ್ಜ್ ಕ್ಯಾಪ್ಟನ್, 1883ರಲ್ಲಿ ಚಾರ್ಲ್ಸ್, 1884ರಲ್ಲಿ ಕೈನಾಸ್ಟನ್. ಒಂದೇ ಮನೆಯ ಮೂವರು ಸಾಲಾಗಿ ಮೂರು ವರ್ಷ! ಮೂವರಲ್ಲಿ ಚಾರ್ಲ್ಸೇ ಜಾಣ. 1882 ಮತ್ತು 1883 ಎರಡೂ ಸೀಸನ್ನಿನಲ್ಲಿ ಸಾವಿರಕ್ಕೂ ಮೇಲೆ ರನ್ನು, ನೂರಕ್ಕೂ ಮೇಲೆ ವಿಕೆಟ್ಟು. ಈ ಥರ ‘ಡಬಲ್’ ಮಾಡೋದು ಅಲ್ಲಿಯವರೆಗೆ ಡಬ್ಲ್ಯು. ಜಿ. ಗ್ರೇಸ್‌ನಂಥವನಿಗೆ ಮಾತ್ರ ಸೇರಿದ್ದು ಅಂತ ಜನ ತಿಳಿದಿದ್ದರು. ಸ್ಟಡ್‌ಗೆ ಆಗ ಇಪ್ಪತ್ತೊಂದು, ಇಪ್ಪತ್ತೆರಡು ವಯಸ್ಸು.

ಈಗ ಆ ಪಂದ್ಯದ ವಿಷಯ. 1882ರ ಆಗಸ್ಟ್ 28 ಮತ್ತು 29, ಲಂಡನ್ನಿನ ಓವಲ್ ಮೈದಾನ. ಆಸ್ಟ್ರೇಲಿಯಾ 63ಕ್ಕೆ ಆಲೌಟ್. ಇಂಗ್ಲೆಂಡ್ 101. ಎರಡನೇ ಇನಿಂಗ್ಸ್‌ನಲ್ಲಿ ಆಸ್ಟ್ರೇಲಿಯಾ 122. ಇಂಗ್ಲೆಂಡ್ ಗೆಲ್ಲೋಕೆ ಬೇಕಿದ್ದದ್ದು ಬರೀ 85. ಎರಡು ವಿಕೆಟ್ಟಿಗೆ 51 ಆದಾಗ ಜನ ಮನೆಗೆ ಹೊರಡೋಕೆ ಸಿದ್ಧರಾಗಿದ್ದಿರಬೇಕು. ಆಗ ಸ್ಪಾಫರ್ತ್ ಅನ್ನೋ ಭೂತ ಎದ್ದು ನಿಂತ. ಒಬ್ಬರ ಹಿಂದೆ ಒಬ್ಬರು ಪೆವಿಲಿಯನ್ನಿಗೆ. ಆತಂಕ ತಡೆಯಲಾರದೆ ಒಬ್ಬ ಪ್ರೇಕ್ಷಕ ತನ್ನ ಛತ್ರಿಯ ಹಿಡಿಯನ್ನೇ ಕಚ್ಚಿ ತಿಂದ ಅಂತ ಕಥೆ ಇದೆ.

ಅದೇ ವರ್ಷ ಈ ಆಸ್ಟ್ರೇಲಿಯನ್ನರ ಮೇಲೇ ಎರಡು ಸೆಂಚುರಿ ಹೊಡೆದಿದ್ದ ಸ್ಟಡ್ ಎಲ್ಲಿದ್ದ? ಪೆವಿಲಿಯನ್ನಿನಲ್ಲಿ, ಕಂಬಳಿ ಹೊದ್ದುಕೊಂಡು ಅತ್ತಿಂದಿತ್ತ ಓಡಾಡ್ತಿದ್ದ ಅಂತ ಹೇಳ್ತಾರೆ. ಚಳಿಯೋ ನಡುಕವೋ. ಮೊದಲ ಇನಿಂಗ್ಸ್‌ನಲ್ಲಿ ಸ್ಪಾಫರ್ತ್ ಅವನನ್ನ ಸೊನ್ನೆಗೆ ಬೌಲ್ಡ್ ಮಾಡಿದ್ದ. ಕ್ಯಾಪ್ಟನ್ ಹಾರ್ನ್‌ಬಿ ಅವನನ್ನ ಕೆಳಗೆ ಕೆಳಗೆ ತಳ್ಳುತ್ತಾ ಹತ್ತನೇ ನಂಬರಿಗೆ ಇಳಿಸಿದ. ಕೊನೆಗೆ ಸ್ಟಡ್ ಇಳಿದ. ಅವನ ಕಡೆ ಸ್ಟ್ರೈಕ್ ಬರಲೇ ಇಲ್ಲ. ಕೊನೆಯ ಆಟಗಾರ ಪೀಟ್ ಎರಡು ರನ್ ಹೊಡೆದು, ಮತ್ತೊಂದು ದೊಡ್ಡ ಹೊಡೆತಕ್ಕೆ ಕೈಬೀಸಿ ಬೌಲ್ಡ್. ಇಂಗ್ಲೆಂಡ್ 77. ಏಳು ರನ್ನಿನ ಸೋಲು. ಸಿ. ಟಿ. ಸ್ಟಡ್, ನಾಟೌಟ್, ಸೊನ್ನೆ. ಎದುರಿಸಿದ್ದು ಒಂದೂ ಬಾಲ್ ಇಲ್ಲ.

ಯಾಕಪ್ಪಾ ಹಾಗೆ ಬೀಸಿದೆ, ಆ ಕಡೆ ಸ್ಟಡ್ ಇದ್ದನಲ್ಲ ಅಂತ ಕೇಳಿದ್ದಕ್ಕೆ ಪೀಟ್, ಸ್ಟಡ್ ಸಾಹೇಬರ ಮೇಲೆ ನನಗೆ ಭರವಸೆ ಇರಲಿಲ್ಲ ಅನ್ನೋ ಅರ್ಥದ ಮಾತು ಹೇಳಿದನಂತೆ. ಪೀಟ್ ಕೂಲಿಗೆ ಆಡುವ ವೃತ್ತಿಪರ ಆಟಗಾರ. ಸ್ಟಡ್ ದುಡ್ಡು ಮುಟ್ಟದ ‘ಜಂಟಲ್‌ಮನ್’. ಸ್ಕೋರ್ ಕಾರ್ಡಿನಲ್ಲೂ ಒಬ್ಬನಿಗೆ ‘ಮಿಸ್ಟರ್’ ಇತ್ತು, ಇನ್ನೊಬ್ಬನಿಗೆ ಇರಲಿಲ್ಲ. ಹೀಗಾಗಿ ಪೀಟ್‌ನ ಆ ಮಾತಲ್ಲಿ ನನಗೆ ಕ್ರಿಕೆಟ್ಟಿಗಿಂತ ಜಾಸ್ತಿ ಏನೋ ಕೇಳಿಸುತ್ತೆ.

ಸೆಪ್ಟೆಂಬರ್ 2ಕ್ಕೆ ‘ಸ್ಪೋರ್ಟಿಂಗ್ ಟೈಮ್ಸ್’ ಪತ್ರಿಕೆಯಲ್ಲಿ ಇಂಗ್ಲಿಷ್ ಕ್ರಿಕೆಟ್ಟಿನ ತಮಾಷೆಯ ಶ್ರದ್ಧಾಂಜಲಿ ಬಂತು. ದೇಹ ಸುಟ್ಟು ಬೂದಿ ಆಸ್ಟ್ರೇಲಿಯಾಕ್ಕೆ ಕಳಿಸಲಾಗುವುದು ಅಂತ. ಆ್ಯಷಸ್ ಹುಟ್ಟಿದ್ದು ಹೀಗೆ. ‘ಬೂದಿ’ ವಾಪಸ್ ತರೋಕೆ ಐವೋ ಬ್ಲೈ ನಾಯಕತ್ವದಲ್ಲಿ ಹೊರಟ ತಂಡದಲ್ಲಿ ಚಾರ್ಲ್ಸ್ ಮತ್ತು ಜಾರ್ಜ್ ಇಬ್ಬರೂ ಇದ್ದರು. ಹೋಗುವಾಗ ಕೊಲಂಬೋ ಹತ್ತಿರ ಅವರ ಹಡಗು ಇನ್ನೊಂದು ಹಡಗಿಗೆ ಗುದ್ದಿ ಫಾಸ್ಟ್ ಬೌಲರ್ ಮಾರ್ಲಿಗೆ ಪೆಟ್ಟಾಯ್ತು. ಆದರೂ ಮರ್ಡಾಕ್‌ನ ತಂಡದ ಮೇಲಿನ ಮೂರು ಪಂದ್ಯಗಳಲ್ಲಿ ಎರಡನ್ನು ಗೆದ್ದರು. ಬ್ಲೈಗೆ ಸಿಕ್ಕ ಆ ಪುಟಾಣಿ ಕರಂಡಕದ ಮೇಲೆ ಒಂದು ಪದ್ಯದ ಚೀಟಿ ಅಂಟಿಸಿದೆಯಲ್ಲ, ಅದರಲ್ಲಿ ಸ್ಟಡ್ ಸೋದರರ ಹೆಸರಿದೆ. ಲಾರ್ಡ್ಸ್ ಮ್ಯೂಸಿಯಮ್ಮಿನ ಗಾಜಿನ ಹಿಂದೆ ಇವತ್ತಿಗೂ.

ಐದು ಟೆಸ್ಟು, 160 ರನ್ನು, 3 ವಿಕೆಟ್ಟು. ಅಂತಾರಾಷ್ಟ್ರೀಯ ಲೆಕ್ಕ ಇಷ್ಟೇ.

*

ಆಸ್ಟ್ರೇಲಿಯಾದಿಂದ ಬಂದಮೇಲೆ ಅಣ್ಣ ಜಾರ್ಜ್ ಸಾಯೋ ಹಾಗೆ ಮಲಗಿಬಿಟ್ಟ. ಚಾರ್ಲ್ಸ್ ರಾತ್ರಿಗಟ್ಟಲೆ ಹಾಸಿಗೆ ಪಕ್ಕ ಕೂತಿದ್ದ. ಸಾಯ್ತಾ ಇರೋನಿಗೆ ಈ ಹೆಸರು, ಈ ಸೆಂಚುರಿ, ಈ ಚಪ್ಪಾಳೆ ಏನು ಕೊಡುತ್ತೆ ಅನ್ನೋ ಪ್ರಶ್ನೆ ಅವನನ್ನ ಹಿಡೀತು. ಜಾರ್ಜ್ ಬದುಕಿದ. ಪ್ರಶ್ನೆ ಮಾತ್ರ ಬಿಡಲಿಲ್ಲ. ಚಾರ್ಲ್ಸ್ ಮತ್ತೆ ಮೂಡಿಯ ಭಾಷಣಕ್ಕೆ ಹೋದ, ತನ್ನ ತಂಡದವರನ್ನೂ ಎಳೆದುಕೊಂಡು ಹೋದ, ಕೊನೆಗೆ ಚೀನಾಕ್ಕೆ ಮಿಷನರಿಯಾಗಿ ಹೋಗ್ತೀನಿ ಅಂದ. ಮನೆಯಲ್ಲಿ ಗಲಾಟೆ. ಅಮ್ಮನ ಕಣ್ಣೀರು. ಅವನು ಜಗ್ಗಲಿಲ್ಲ.

ಅವನ ಜೊತೆ ಇನ್ನೂ ಆರು ಜನ ಸೇರಿಕೊಂಡರು. ಇವರನ್ನ ‘ಕೇಂಬ್ರಿಜ್ ಸೆವೆನ್’ ಅಂತ ಕರೀತಾರೆ. ಒಬ್ಬ ಕೇಂಬ್ರಿಜ್ಜಿನ ದೋಣಿ ಪಂದ್ಯದ ಹೀರೋ, ಇಬ್ಬರು ಸೈನ್ಯದವರು, ಒಬ್ಬ ನಿಜಕ್ಕೂ ದೀಕ್ಷೆ ಪಡೆದ ಪಾದ್ರಿ. ಹೊರಡೋ ಮುಂಚೆ ಊರೂರಲ್ಲಿ ಸಭೆಗಳು, ಸಾವಿರಾರು ಜನ. ಈಗಿನ ಲೆಕ್ಕದಲ್ಲಿ, ಫಾರ್ಮಿನಲ್ಲಿರೋ ಟೆಸ್ಟ್ ಆಟಗಾರನೊಬ್ಬ ಇಪ್ಪತ್ತನಾಲ್ಕನೇ ವಯಸ್ಸಿಗೆ ಎಲ್ಲಾ ಬಿಟ್ಟು ಆಶ್ರಮ ಸೇರ್ತೀನಿ ಅಂದರೆ ಹೇಗಿರುತ್ತೆ ಊಹಿಸಿ. 1885ರ ಫೆಬ್ರವರಿ 5ಕ್ಕೆ ಹೊರಟು ಮಾರ್ಚ್ 18ಕ್ಕೆ ಶಾಂಘೈ ಮುಟ್ಟಿದರು. ಚೀನೀ ಬಟ್ಟೆ, ತಲೆ ಬೋಳಿಸಿ ಹಿಂದೆ ಜುಟ್ಟು, ಕಡ್ಡಿಯಲ್ಲಿ ಊಟ. ಚೈನಾ ಇನ್‌ಲ್ಯಾಂಡ್ ಮಿಷನ್ನಿನ ಹಡ್ಸನ್ ಟೇಲರ್ ಹಾಕಿಕೊಟ್ಟ ನಿಯಮ ಅದು. ಕ್ರಿಕೆಟ್ ಆಡಿದ್ದಕ್ಕೆ ನನಗೆ ಬೇಜಾರಿಲ್ಲ, ಅದನ್ನೇ ದೇವರು ಮಾಡಿಕೊಂಡಿದ್ದೆನಲ್ಲ ಅದಕ್ಕೆ ಬೇಜಾರು ಅನ್ನೋ ಅರ್ಥದಲ್ಲಿ ಸ್ಟಡ್ ಮುಂದೆ ಹೇಳಿಕೊಂಡಿದ್ದಾನೆ. ಈ ಮಾತು ನನಗೆ ಬಹಳ ಇಷ್ಟ.

ಈಗ ದುಡ್ಡಿನ ಕಥೆ. ಅಪ್ಪನ ಉಯಿಲಿನ ಪ್ರಕಾರ ಇಪ್ಪತ್ತೈದು ತುಂಬಿದಾಗ ಚಾರ್ಲ್ಸ್ ಕೈಗೆ ಸುಮಾರು 29,000 ಪೌಂಡ್ ಬರಬೇಕಿತ್ತು. ಆ ಕಾಲದಲ್ಲಿ ಜೀವನಪೂರ್ತಿ ಕೂತು ಉಣ್ಣುವಷ್ಟು ಹಣ. ಇವನು ಅಷ್ಟನ್ನೂ ಕೊಟ್ಟುಬಿಡೋಕೆ ತೀರ್ಮಾನಿಸಿದ. ಕಾಗದಕ್ಕೆ ಬ್ರಿಟಿಷ್ ಕಾನ್ಸಲ್ ಸಹಿ ಬೇಕು. ಆ ಅಧಿಕಾರಿ ಸಹಿ ಹಾಕೋಲ್ಲ ಅಂದ. ಹುಡುಗನಿಗೆ ತಲೆ ಕೆಟ್ಟಿದೆ ಅನ್ನಿಸಿರಬೇಕು, ಎರಡು ವಾರ ಯೋಚನೆ ಮಾಡಿ ಬಾ ಅಂತ ಕಳಿಸಿದ. ಎರಡು ವಾರ ಬಿಟ್ಟು ಸ್ಟಡ್ ಮತ್ತೆ ಹೋಗಿ ನಿಂತ. ಸಹಿ ಬಿತ್ತು.

1887ರ ಜನವರಿ 13. ಐದೈದು ಸಾವಿರ ಪೌಂಡಿನ ನಾಲ್ಕು ಚೆಕ್ಕು, ಒಂದೊಂದು ಸಾವಿರದ ಐದು ಚೆಕ್ಕು. ಒಂದೇ ದಿನ 25,000 ಪೌಂಡ್. ಬ್ರಿಸ್ಟಲ್‌ನ ಜಾರ್ಜ್ ಮುಲ್ಲರ್‌ಗೆ ಒಂದು, ಲಂಡನ್ನಿನ ಬಡವರ ನಡುವೆ ಕೆಲಸ ಮಾಡ್ತಿದ್ದವರಿಗೆ ಒಂದು, ಭಾರತದಲ್ಲಿದ್ದ ಸಾಲ್ವೇಶನ್ ಆರ್ಮಿಯ ಬೂತ್ ಟಕ್ಕರ್‌ಗೆ ಒಂದು. ಮತ್ತೊಂದು ಮೂಡಿಗೆ. ಮೂಡಿಗೆ ಕಳಿಸುವಾಗ ಒಂದು ಆಸೆ ಇತ್ತು. ಅಪ್ಪ ದುಡ್ಡು ಮಾಡಿದ ತಿರ್ಹುತ್‌ನಲ್ಲೇ ಈ ಹಣದಿಂದ ಏನಾದರೂ ಧರ್ಮಕಾರ್ಯ ನಡೆಯಲಿ ಅಂತ. ಮೂಡಿಗೆ ಅದು ಸಾಧ್ಯವಾಗಲಿಲ್ಲ. ಆ ಹಣ ಶಿಕಾಗೋದಲ್ಲಿ ಮೂಡಿ ಬೈಬಲ್ ಇನ್‌ಸ್ಟಿಟ್ಯೂಟ್ ಕಟ್ಟೋಕೆ ಹೋಯ್ತು.

ಉಳಿದದ್ದರಲ್ಲೂ ಕೆಲವು ಸಾವಿರ ದಾನ ಮಾಡಿ, ಕೊನೆಗೆ 3,400 ಪೌಂಡ್ ಇಟ್ಟುಕೊಂಡಿದ್ದ. ಅಷ್ಟರಲ್ಲಿ ಪ್ರಿಸಿಲ್ಲಾ ಸ್ಟುವರ್ಟ್ ಅನ್ನುವ ಐರಿಷ್ ಹುಡುಗಿ, ಅವಳೂ ಮಿಷನರಿಯೇ, ಅವನನ್ನ ಮದುವೆಯಾಗೋಕೆ ಒಪ್ಪಿದ್ದಳು. ಆ 3,400 ಪೌಂಡನ್ನ ಅವಳ ಕೈಗಿಟ್ಟ. ಅವಳು ಅದನ್ನ ಇಟ್ಟುಕೊಳ್ಳೋಕೆ ಒಪ್ಪಲಿಲ್ಲ. ಕ್ರಿಸ್ತ ಶ್ರೀಮಂತ ಹುಡುಗನಿಗೆ ಎಲ್ಲವನ್ನೂ ಮಾರಿ ಬಾ ಅಂದನಲ್ಲ, ‘ಎಲ್ಲ’ ಅಂದರೆ ಎಲ್ಲ ತಾನೇ ಅಂದಳು. ಅದೂ ಸಾಲ್ವೇಶನ್ ಆರ್ಮಿಗೆ ಹೋಯ್ತು. 1888ರಲ್ಲಿ ಮದುವೆ. ಕೈಯಲ್ಲಿ ಹೇಳಿಕೊಳ್ಳುವಂಥದ್ದೇನೂ ಉಳಿದಿರಲಿಲ್ಲ. ಗಮನಿಸಿ, ಕೊನೆಯ ಕಾಸು ಬಿಟ್ಟವಳು ಅವಳು. ಆದರೂ ಎಲ್ಲಾ ಕಡೆ ‘ಆಸ್ತಿ ತ್ಯಜಿಸಿದ ಸ್ಟಡ್’ ಅಂತಲೇ ಬರೆಯೋದು.

*

ಇಲ್ಲಿ ಸ್ವಲ್ಪ ನಿಲ್ಲಬೇಕು ಅನ್ನಿಸುತ್ತೆ. ಯಾಕೆಂದರೆ ಆ ದುಡ್ಡು ನೀಲಿಯದ್ದು.

ಬಂಗಾಳ, ಬಿಹಾರದಲ್ಲಿ ನೀಲಿ ವ್ಯಾಪಾರ ಹೇಗೆ ನಡೀತಿತ್ತು ಅಂತ ಶಾಲೆಯಲ್ಲಿ ಓದಿದ್ದೇವೆ. ರೈತನಿಗೆ ಮುಂಗಡ ಕೊಡೋದು, ಸಾಲದಲ್ಲಿ ಸಿಕ್ಕಿಸೋದು, ಅವನ ಒಳ್ಳೆ ನೆಲದಲ್ಲಿ ಭತ್ತದ ಬದಲು ನೀಲಿ ಹಾಕಿಸೋದು, ಬೆಲೆ ಸಾಹೇಬನೇ ಕಟ್ಟೋದು. ಎದುರು ಮಾತಾಡಿದರೆ ಲಾಠಿ. 1859-60ರಲ್ಲಿ ಬಂಗಾಳದ ರೈತರು ತಿರುಗಿಬಿದ್ದರು. ದೀನಬಂಧು ಮಿತ್ರ ‘ನೀಲದರ್ಪಣ’ ನಾಟಕ ಪ್ರಕಟಿಸಿದ್ದು 1860ರಲ್ಲಿ. ಹ್ಞಾಂ, ಚಾರ್ಲ್ಸ್ ಸ್ಟಡ್ ಹುಟ್ಟಿದ ವರ್ಷವೇ.

ಆ ನಾಟಕದ ಇಂಗ್ಲಿಷ್ ಅನುವಾದ ಹೊರತಂದವನು ಯಾರು ಗೊತ್ತೇ? ರೆವರೆಂಡ್ ಜೇಮ್ಸ್ ಲಾಂಗ್, ಕಲ್ಕತ್ತೆಯಲ್ಲಿದ್ದ ಪಾದ್ರಿ. ಕ್ರಿಕೆಟ್ಟಿಗೂ ಅವನಿಗೂ ಸಂಬಂಧ ಇಲ್ಲ. ನೀಲಿ ಸಾಹೇಬರು ಅವನ ಮೇಲೆ ಮಾನನಷ್ಟದ ಕೇಸು ಹಾಕಿದರು. 1861ರಲ್ಲಿ ಒಂದು ತಿಂಗಳು ಜೈಲು, ಸಾವಿರ ರೂಪಾಯಿ ದಂಡ. ದಂಡದ ಹಣವನ್ನ ಕೋರ್ಟಿನಲ್ಲೇ ಕಟ್ಟಿದ್ದು ಕಾಲಿಪ್ರಸನ್ನ ಸಿಂಹ ಅನ್ನುವ ಬಂಗಾಳಿ ಲೇಖಕ. ಅದೇ ರಾಣಿ, ಅದೇ ಧರ್ಮ, ಅದೇ ನೀಲಿ. ಒಬ್ಬ ಪಾದ್ರಿ ರೈತರ ಮಾತನ್ನ ಪ್ರಕಟಿಸಿ ಜೈಲಿಗೆ ಹೋದ. ಇನ್ನೊಬ್ಬ ನೀಲಿಯಿಂದ ಬಂದ ಆಸ್ತಿಯನ್ನ ದಾನ ಮಾಡಿ ಸಂತನಾದ.

ತಿರ್ಹುತ್ ವಿಭಾಗಕ್ಕೇ ಸೇರಿದ್ದ ಚಂಪಾರಣ್‌ಗೆ ಗಾಂಧೀಜಿ ಹೋದದ್ದು 1917ರಲ್ಲಿ. ಅಲ್ಲಿವರೆಗೂ ರೈತ ತನ್ನ ನೆಲದ ಇಪ್ಪತ್ತು ಪಾಲಿನಲ್ಲಿ ಮೂರು ಪಾಲು ನೀಲಿಗೆ ಬಿಡಲೇಬೇಕಿತ್ತು. ‘ತೀನ್‌ಕಠಿಯಾ’ ಅಂತ ಹೆಸರು. 1918ರ ಕಾನೂನಿನಿಂದ ಅದು ಹೋಯ್ತು.

ನಾನು ಸ್ಟಡ್‌ನ ದಾನವನ್ನ ಹಗುರ ಮಾಡ್ತಿಲ್ಲ. ಇಪ್ಪತ್ತಾರು ವರ್ಷದ ಹುಡುಗ ಅಷ್ಟು ಹಣವನ್ನ ಒಂದು ಬೆಳಿಗ್ಗೆ ಚೆಕ್ ಬರೆದು ಮುಗಿಸೋದು ಸಣ್ಣ ಮಾತಲ್ಲ. ನನ್ನ ಕೈಲಂತೂ ಆಗೋಲ್ಲ. ಆದರೆ ಅವನಿಗೆ ತಿರ್ಹುತ್ ನೆನಪಾಯ್ತು, ಆ ಹಣಕ್ಕೂ ಆ ನೆಲಕ್ಕೂ ಏನೋ ಋಣ ಇದೆ ಅನ್ನಿಸಿತು ಅನ್ನೋದೇ ದೊಡ್ಡದು. ಹಾಗನ್ನಿಸಿದವನಿಗೆ ಅಲ್ಲಿಗೆ ಕಳಿಸಬೇಕು ಅನ್ನಿಸಿದ್ದು ಸುವಾರ್ತೆ. ಬೆವರು ಸುರಿಸಿದ ರೈತನಿಗೆ ಅದರಲ್ಲಿ ಕಾಸಿನ ಪಾಲು ಇರಲಿಲ್ಲ. ಆ ಸುವಾರ್ತೆಯೂ ಶಿಕಾಗೋದಲ್ಲೇ ಇಳೀತು.

*

ಚೀನಾದಲ್ಲಿ ಹತ್ತು ವರ್ಷದ ಹತ್ತಿರ. ಶಾನ್ಸಿ ಪ್ರಾಂತ್ಯದಲ್ಲಿ ಅಫೀಮು ಚಟದವರಿಗೆ ಆಶ್ರಯಧಾಮ ನಡೆಸಿದರು. ನಾಲ್ಕು ಹೆಣ್ಣುಮಕ್ಕಳು ಹುಟ್ಟಿದರು. 1894ರಲ್ಲಿ ಇಬ್ಬರೂ ಆರೋಗ್ಯ ಕೆಡಿಸಿಕೊಂಡು ಊರಿಗೆ ಬಂದರು. ಸ್ಟಡ್‌ಗೆ ಉಬ್ಬಸ ಅಂಟಿಕೊಂಡಿತ್ತು.

1900ರಿಂದ 1906, ಊಟಿ. ಬೇಸಿಗೆಯಲ್ಲಿ ಇಡೀ ಮದರಾಸು ಸರ್ಕಾರ ಗಂಟುಮೂಟೆ ಕಟ್ಟಿಕೊಂಡು ಬಂದು ಕೂರುತ್ತಿದ್ದ ಜಾಗ. ಮೈಸೂರು ಮಹಾರಾಜರಿಗೂ ಅಲ್ಲೊಂದು ಅರಮನೆ. ಸ್ಟಡ್ ಅಲ್ಲಿನ ಯೂನಿಯನ್ ಚರ್ಚಿನ ಪಾಸ್ಟರ್. ಎದುರಿಗೆ ಕೂರುತ್ತಿದ್ದವರು ಹೆಚ್ಚಾಗಿ ಬಿಳಿಯರು: ಅಧಿಕಾರಿಗಳು, ಸೈನಿಕರು, ತೋಟದ ಮಾಲೀಕರು, ಅವರ ಹೆಂಡಂದಿರು. ಇಲ್ಲಿ ಬ್ಯಾಟು ಮತ್ತೆ ಕೈಗೆ ಬಂತು. ಸೈನಿಕರು ಉಪದೇಶ ಕೇಳೋಕೆ ಬರಲ್ಲ, ಹಳೇ ಟೆಸ್ಟ್ ಆಟಗಾರನ ಆಟ ನೋಡೋಕೆ ಬರ್ತಾರೆ ಅನ್ನೋದು ಅವನಿಗೆ ಗೊತ್ತಿತ್ತು. ನಲವತ್ತು ದಾಟಿದ, ಉಸಿರಿಗೆ ಒದ್ದಾಡುವ ಮನುಷ್ಯ ನೀಲಗಿರಿಯ ತೆಳು ಗಾಳಿಯಲ್ಲಿ ಬ್ಯಾಟಿಂಗ್ ಮಾಡೋದನ್ನ ನೆನೆಸಿಕೊಂಡರೆ ನನಗೆ ಅವನ ಮೇಲೆ ಪ್ರೀತಿ ಉಕ್ಕುತ್ತೆ. ಹೆಂಡತಿ ಮಕ್ಕಳೆಲ್ಲ ಒಂದೇ ಸೂರಿನಡಿ ಇದ್ದ ವರ್ಷಗಳು ಅವು. ಅವನು ಊಟಿಯಲ್ಲೇ ಉಳಿದುಬಿಟ್ಟಿದ್ದರೆ ಅಂತ ಎಷ್ಟೋ ಸಲ ಅಂದುಕೊಂಡಿದ್ದೇನೆ.

ಉಳಿಯಲಿಲ್ಲ. 1908ರಲ್ಲಿ ಲಿವರ್‌ಪೂಲ್‌ನಲ್ಲಿ, ನರಭಕ್ಷಕರಿಗೆ ಮಿಷನರಿಗಳು ಬೇಕಾಗಿದ್ದಾರೆ ಅನ್ನೋ ಅರ್ಥದ ಒಂದು ಬೋರ್ಡು ಕಣ್ಣಿಗೆ ಬಿತ್ತು. ತಮಾಷೆಗೆ ಅಂತ ಒಳಗೆ ಹೋದ. ಹೊರಗೆ ಬರುವಾಗ ಆಫ್ರಿಕಾ ತಲೆಗೆ ಹತ್ತಿತ್ತು. ಐವತ್ತು ವರ್ಷ, ಕೆಟ್ಟ ಆರೋಗ್ಯ, ಕೈಯಲ್ಲಿ ಕಾಸಿಲ್ಲ. ಹೆಂಡತಿಗೆ ಹೃದಯದ ಕಾಯಿಲೆ. ವೈದ್ಯರು ಬೇಡ ಅಂದರು, ಹಣ ಕೊಡಬೇಕಿದ್ದವರು ಹಿಂದೆ ಸರಿದರು. 1910ರಲ್ಲಿ ಸುಡಾನ್ ಕಡೆ ಹೊರಟೇಬಿಟ್ಟ. 1913ರಲ್ಲಿ ಆಲ್ಫ್ರೆಡ್ ಬಕ್ಸ್‌ಟನ್ ಅನ್ನೋ ಹುಡುಗನನ್ನ ಕರೆದುಕೊಂಡು ಬೆಲ್ಜಿಯನ್ ಕಾಂಗೋದ ಒಳನಾಡಿಗೆ. ಈ ಬಕ್ಸ್‌ಟನ್ ಮುಂದೆ ಅವನ ಮಗಳು ಎಡಿತ್‌ಳನ್ನ ಮದುವೆಯಾದ.

ನಡುವೆ ಒಮ್ಮೆ ಇಂಗ್ಲೆಂಡಿಗೆ ಬಂದಿದ್ದ. 1916ರ ಜುಲೈನಲ್ಲಿ ಮತ್ತೆ ಹೊರಟ. ಆಮೇಲೆ ಬರಲೇ ಇಲ್ಲ.

ಕಾಂಗೋದ ಸ್ಟಡ್ ಬೇರೆಯೇ ಮನುಷ್ಯ. ಇಬಾಂಬಿ ಅನ್ನುವ ಹಳ್ಳಿಯಲ್ಲಿ ಬಿದಿರಿನ ಗುಡಿಸಲು, ಹುಲ್ಲಿನ ಮಾಡು. ಜನ ‘ಬ್ವಾನಾ’ ಅನ್ನುತ್ತಿದ್ದರು. ದಿನಕ್ಕೆ ಹದಿನೆಂಟು ಗಂಟೆ ದುಡಿತ. ತಾನು ದುಡಿದಷ್ಟೂ ಬೇರೆಯವರು ದುಡಿಯಬೇಕು. ರಜೆ ಕೇಳಿದವರು, ಸುಖ ಬಯಸಿದವರು, ಅವನಷ್ಟು ಬಿಗಿಯಾಗಿ ನಂಬದವರು ಎಲ್ಲರೂ ಅವನ ಕಣ್ಣಲ್ಲಿ ಸೋಮಾರಿಗಳು. ಕ್ರಿಸ್ತನ ಕೆಲಸ ಬಿಟ್ಟು ಬೇರೇನಿದ್ದರೂ ನಾನು ಕ್ಯಾರೇ ಅನ್ನಲ್ಲ ಅಂತ, ಮಡಿವಂತರು ಬಾಯಲ್ಲಿ ಹೇಳದ ಪದ ಬಳಸಿ ಪುಟ್ಟ ಪುಸ್ತಕವನ್ನೇ ಬರೆದ. ಲಂಡನ್ನಿನ ಸಮಿತಿಗೆ ಇರಿಸುಮುರಿಸು. ನೋವಿಗೆ, ಉಬ್ಬಸಕ್ಕೆ, ಜ್ವರಕ್ಕೆ ಅಂತ ಡಾಕ್ಟರು ಕೊಟ್ಟ ಮಾರ್ಫಿಯಾ ಅಭ್ಯಾಸವಾಯ್ತು. ಜಗಳ ಜೋರಾಯ್ತು. ಕಾಂಗೋಕ್ಕೆ ಅವನ ಜೊತೆ ಮೊದಲು ಹೆಜ್ಜೆಯಿಟ್ಟ ಅಳಿಯ ಬಕ್ಸ್‌ಟನ್‌ನನ್ನೇ ಮಿಷನ್ನಿನಿಂದ ಹೊರಗೆ ಹಾಕಿದ. ಎಡಿತ್ ಮುಂದೆ ಬರೆದ ನೆನಪಿನ ಪುಸ್ತಕಕ್ಕೆ ಇಟ್ಟ ಹೆಸರು ‘ರಿಲಕ್ಟೆಂಟ್ ಮಿಷನರಿ’. ಒಲ್ಲದ ಮಿಷನರಿ ಅಂತ ಅರ್ಥ. ಹೆಸರೇ ಅರ್ಧ ಕಥೆ ಹೇಳುತ್ತೆ.

ಮಜಾ ಅಂದರೆ ನಾವು ಸಾಮಾನ್ಯವಾಗಿ ಓದುವ ಸ್ಟಡ್ ಕಥೆ ಬರೆದವನು ಇನ್ನೊಬ್ಬ ಅಳಿಯ, ನಾರ್ಮನ್ ಗ್ರಬ್. ಮಾವನ ಜೊತೆ ಕೊನೆಯವರೆಗೂ ನಿಂತವನು, ಅವನ ನಂತರ ಮಿಷನ್ನನ್ನ ನಡೆಸಿದವನು. ಹಾಗಾಗಿ ಆ ಪುಸ್ತಕದಲ್ಲಿ ಬೆಳಕು ಜಾಸ್ತಿ, ನೆರಳು ಕಮ್ಮಿ.

*

ಈಗ ಪ್ರಿಸಿಲ್ಲಾ.

ಗಂಡ ಕಾಂಗೋದಲ್ಲಿ, ಅವಳು ಲಂಡನ್ನಿನಲ್ಲಿ. ಹೃದಯದ ಕಾಯಿಲೆಯಿಂದ ಹಾಸಿಗೆ ಹಿಡಿದಿದ್ದವಳು ಎದ್ದು ಕೂತು ಮಿಷನ್ನಿನ ಕಚೇರಿ ನಡೆಸಿದಳು. ಪತ್ರ ಬರೆದಳು, ಪತ್ರಿಕೆ ಹೊರಡಿಸಿದಳು, ಊರೂರು ಸುತ್ತಿ ಭಾಷಣ ಮಾಡಿದಳು, ಹುಡುಗ ಹುಡುಗಿಯರನ್ನ ಹುಡುಕಿ ಕಾಂಗೋಕ್ಕೆ ಕಳಿಸಿದಳು. ಅವನು ಅಲ್ಲಿ ನಿಂತಿರೋಕೆ ಇವಳು ಇಲ್ಲಿ ನಿಂತಿದ್ದಳು. ಹೀಗೆ ಹನ್ನೆರಡು ವರ್ಷ.

1928ರಲ್ಲಿ ಅವಳು ಕಾಂಗೋಕ್ಕೆ ಹೋದಳು. ಬ್ವಾನಾಗೆ ಒಬ್ಬ ಹೆಂಡತಿ ಇದ್ದಾಳೆ, ಮಿಷನರಿಗಳನ್ನ ಕಳಿಸೋ ಕೆಲಸದಿಂದ ಅವಳಿಗೆ ಬಿಡುವಿಲ್ಲ ಅಂತ ಕೇಳಿಯೇ ಗೊತ್ತಿದ್ದ ಆ ಜನ, ಅವಳನ್ನ ಕಣ್ಣಾರೆ ನೋಡಿದ್ದು ಆಗಲೇ. ಇದ್ದದ್ದು ಎರಡು ವಾರ. ಬಿಸಿಲು ಏರುತ್ತಿತ್ತು, ಅವಳ ಹೃದಯ ತಡೀತಿರಲಿಲ್ಲ, ಹೊರಡಲೇಬೇಕಾಯ್ತು. ಇದೇ ಕೊನೆ ಅಂತ ಇಬ್ಬರಿಗೂ ಗೊತ್ತಿತ್ತು. ಮರುವರ್ಷ, 1929ರ ಜನವರಿಯಲ್ಲಿ, ಸ್ಪೇನಿನ ಮಲಾಗಾದಲ್ಲಿ ಅವಳು ತೀರಿಕೊಂಡಳು. ಅವನು 1931ರ ಜುಲೈ 16ರಂದು ಇಬಾಂಬಿಯಲ್ಲಿ. ಸಾವಿರಕ್ಕೂ ಹೆಚ್ಚು ಕಾಂಗೋ ಜನ ಮಣ್ಣಿಗೆ ಬಂದಿದ್ದರು.

ಅವನ ಅಣ್ಣ ಕೈನಾಸ್ಟನ್ ಇದೇ ಹೊತ್ತಿಗೆ ಲಂಡನ್ನಿನ ಲಾರ್ಡ್ ಮೇಯರ್ ಆಗಿದ್ದ (1928-29), 1930ರಲ್ಲಿ ಎಂಸಿಸಿ ಅಧ್ಯಕ್ಷ. ಅವನೂ ದೇವರನ್ನ ನಂಬಿದವನೇ. ಅಪ್ಪನ ದುಡ್ಡು, ಕ್ರಿಕೆಟ್ಟು, ಹೆಂಡತಿ, ಮನೆ ಯಾವುದನ್ನೂ ಬಿಡದೆ ನಂಬಿದವನು. ಅವನ ಬಗ್ಗೆ ಯಾರೂ ರೋಮಾಂಚನಗೊಂಡು ಪುಸ್ತಕ ಬರೆಯೋಲ್ಲ.

ನಮಗೆ ತ್ಯಾಗಿಗಳ ಕಥೆ ಹೊಸದಲ್ಲ. ಶ್ರವಣಬೆಳಗೊಳದ ಬೆಟ್ಟದ ಮೇಲೆ ಗೆದ್ದ ರಾಜ್ಯ ಬಿಟ್ಟವನು ನಿಂತಿದ್ದಾನೆ. ನಡುರಾತ್ರಿ ಎದ್ದು ಹೋದ ಸಿದ್ಧಾರ್ಥನ ಕಥೆ ಕೇಳಿಕೊಂಡೇ ಬೆಳೆದವರು ನಾವು. ಆ ರಾತ್ರಿ ಮಲಗಿದ್ದವಳಿಗೆ ಬೆಳಿಗ್ಗೆ ಹೇಗಾಗಿರಬಹುದು ಅಂತ ಕೇಳಿಕೊಳ್ಳೋಕೆ ನಮಗೂ ಬಹಳ ಕಾಲ ಹಿಡೀತು. ಮಾಸ್ತಿಯವರು ಯಶೋಧರೆಯ ಹೆಸರಲ್ಲೇ ನಾಟಕ ಬರೆದರು, ಪುಣ್ಯ. ಪ್ರಿಸಿಲ್ಲಾಗೆ ಅಂಥ ಮಾಸ್ತಿ ಸಿಗಲಿಲ್ಲ. ಒಂದು ವ್ಯತ್ಯಾಸ ಇದೆ, ನಿಜ. ಯಶೋಧರೆಯನ್ನ ಯಾರೂ ಕೇಳಲಿಲ್ಲ, ಪ್ರಿಸಿಲ್ಲಾ ತಾನೇ ಎಲ್ಲವನ್ನೂ ಬಿಡೋಣ ಅಂದವಳು. ಆದರೆ ಕೊನೆಯ 3,400 ಪೌಂಡ್ ಬಿಡೋದಕ್ಕೆ ಹೂಂ ಅಂದವಳು, ಹನ್ನೆರಡು ವರ್ಷದ ಒಂಟಿತನಕ್ಕೂ ಆವತ್ತೇ ಹೂಂ ಅಂದಿದ್ದಳು ಅಂತ ನಾವು ತಿಳಿಯೋದು ಸರಿಯೇ?

ಸ್ಟಡ್ ಕಪಟಿ ಅಲ್ಲ. ಅವನಷ್ಟು ಕಪಟವಿಲ್ಲದ ಮನುಷ್ಯರು ಕಮ್ಮಿ. ಹೇಳಿದ್ದನ್ನ ಮಾಡಿದ. ಕ್ರಿಕೆಟ್ ಬಿಟ್ಟ, ಅದು ಅವನದ್ದೇ, ಅದರ ಬೆಲೆ ಅವನೊಬ್ಬನೇ ತೆತ್ತ. ಅದಕ್ಕೆ ನನ್ನ ಪೂರ್ತಿ ನಮಸ್ಕಾರ. ಆದರೆ ಅವನ ಹೆಸರಲ್ಲಿ ಬರೆದಿಟ್ಟ ತ್ಯಾಗದ ಪಟ್ಟಿಯಲ್ಲಿ ಉಳಿದದ್ದೆಲ್ಲ ಅವನೊಬ್ಬನದ್ದಲ್ಲ. ಹಣದಲ್ಲಿ ತಿರ್ಹುತ್ ರೈತರ ಪಾಲಿತ್ತು. ಸಂಸಾರದಲ್ಲಿ ಪ್ರಿಸಿಲ್ಲಾಳ ಪಾಲಿತ್ತು, ನಾಲ್ಕು ಹೆಣ್ಣುಮಕ್ಕಳ ಪಾಲಿತ್ತು. ಜಂಟಿ ಖಾತೆಯಿಂದ ತೆಗೆದ ದುಡ್ಡಿಗೆ ಒಬ್ಬನ ಹೆಸರಿನ ರಸೀತಿ ಹರಿದ ಹಾಗಾಯ್ತು. ಇದು ಸ್ಟಡ್ ಒಬ್ಬನ ತಪ್ಪೂ ಅಲ್ಲ. ರಸೀತಿ ಹರಿದವರು ಅವನ ಕಥೆ ಬರೆದವರು, ಓದಿ ಕಣ್ಣೊರೆಸಿಕೊಂಡವರು, ಅಂದರೆ ನಾವೇ.

ಯಾರಾದರೂ ಎಲ್ಲಾ ಬಿಟ್ಟು ಹೊರಟರು ಅಂತ ಕೇಳಿದರೆ ನಾನು ಈಗ ಕೈಮುಗಿಯೋದೇನೋ ಮುಗೀತೀನಿ. ಜೊತೆಗೆ, ಮನೆಯಲ್ಲಿ ಯಾರಿದ್ದಾರೆ ಅಂತಲೂ ಕೇಳ್ತೀನಿ.